ಗಂಗಕ್ಕ ಇಟ್ಟ ಎಡೆ

ಗಂಗಕ್ಕ, ನಿನ್ನ ವಿಡಿಯೊ ಅಳಿಸಿಹೋಗಿರಲಿಲ್ಲ. ನಾನು ಸುಳ್ಳು ಹೇಳಿದೆ. ಅದೊಂದೇ ಸುಳ್ಳಾಗಿದ್ದರೆ ಹೇಗೋ ನುಂಗಿಕೊಂಡಿರುತ್ತಿದ್ದೆನೇನೋ —

ಸಣ್ಣ ಬಜೆಟ್ಟಿನ ಸಿನಿಮಾಗಳಿಗೆ ಪಾತ್ರಧಾರಿಗಳನ್ನು ಹುಡುಕಿಕೊಡುವುದು ನನ್ನ ಕೆಲಸ. ತಾಯಿಯ ಪಾತ್ರಕ್ಕೆ ಮುಧೋಳ, ಬೀಳಗಿ ಎಲ್ಲ ಸುತ್ತಿ, ಕೊನೆಗೆ ಬನಹಟ್ಟಿಯ ನಿನ್ನ ಮನೆಗೆ ಬಂದಿದ್ದೆ. ಹೊಸಬರು ಕ್ಯಾಮೆರಾ ಕಂಡರೆ ಸೆಟೆದು ಕೂರುತ್ತಾರೆ. ಅದಕ್ಕೇ, ಮೊದಲು ನನ್ನ ದುಃಖವೊಂದನ್ನು ಹೇಳಿಕೊಳ್ಳುವುದು ನನ್ನ ಪದ್ಧತಿ. ಅಂದು, ಜ್ವರದಲ್ಲಿ ತೀರಿಕೊಂಡ ನನ್ನ ತಂಗಿಯ ಕಥೆ ಹೇಳಿದೆ. ನೀನು ಸೆರಗಿನಿಂದ ನನ್ನ ಕಣ್ಣೊರೆಸಿದೆ. ಆಮೇಲೆ ಕ್ಯಾಮೆರಾ ಮುಂದೆ ನೀನೇ ನಿನ್ನ ಮಗಳ ಮಾತು ತೆಗೆದೆ.

“ಮಗ್ಗ ಬಂದ್ ಮಾಡ ಬೇ ಯವ್ವಾ, ತಲಿ ಸಿಡಿಯಾಕತ್ತೈತಿ ಅಂದ್ಳು. ಇದೊಂದು ಸೀರಿ ಮುಗೀಲಿ ತಡಿ ಅಂದ್ನಿ.”

ಸೀರೆ ಮುಗಿಸಿ ನೀನು ಎದ್ದು ಹೋಗುವಷ್ಟರಲ್ಲಿ ಮಗಳು ಇರಲಿಲ್ಲ.

ವಿಡಿಯೊ ನೋಡಿದ ನಿರ್ದೇಶಕರು, “ಮಾತು ಇಟ್ಕೊಳ್ಳೋಣ, ಇವರು ಬೇಡ” ಎಂದರು. ನಾನು ಹೂಂಗುಟ್ಟಿದೆ. ಅಷ್ಟೇ ಅಲ್ಲ — ಬೇರೊಬ್ಬ ನಟಿಗೆ ಅದೇ ವಿಡಿಯೊ ತೋರಿಸಿ, ನೀನು ಎಲ್ಲೆಲ್ಲಿ ಉಸಿರು ಎಳೆದುಕೊಂಡೆ ಎಂಬುದನ್ನೂ ಕಲಿಸಿಕೊಟ್ಟೆ. ನಗರಗಳಲ್ಲಿ ಸಿನಿಮಾ ನೋಡಿದ ಜನ ಅತ್ತರು. ನನಗೆ ಹೆಸರು ಬಂತು. ನಿನಗೆ ಮಾತ್ರ, ವಿಡಿಯೊ ಅಳಿಸಿಹೋಯಿತು ಎಂದೆ.

“ಹೋಗ್ಲಿ ಬಿಡೋ ತಮ್ಮಾ, ಛಲೋನ ಆತು. ಅದನ್ನ ನಿನ್ನ ಬಿಟ್ಟು ಯಾರ ಮುಂದೂ ಹೇಳಿದಾಕಿ ಅಲ್ಲ ನಾ.”

ಆಗಲಾದರೂ ನಿಜ ಹೇಳಬೇಕಿತ್ತು. ಫೋನ್ ಇಟ್ಟುಬಿಟ್ಟೆ.

ಮೊನ್ನೆ ಜಮಖಂಡಿ ಬಸ್ ನಿಲ್ದಾಣದಲ್ಲಿ ನೀನೇ ಗುರುತು ಹಿಡಿದು ಕರೆದೆ. “ಪ್ರತಿ ವರ್ಷ ಅಮಾಸಿಗೆ ಮಗಳ ಸಂಗಾಟ ನಿನ್ನ ತಂಗಿಗೂ ಎಡಿ ಇಡತೇನಿ. ಅಕಿಗೆ ಏನ್ ಸೇರ್ತಿತ್ತೋ ತಮ್ಮಾ?” ಎಂದು ಕೇಳಿದೆ. ನಾನು ಶೇಂಗಾ ಹೋಳಿಗೆ ಎಂದುಬಿಟ್ಟೆ. ಥೂ, ನನ್ನ ನಾಲಿಗೆ.

ಬರುವ ಭಾನುವಾರ ರಬಕವಿಯಲ್ಲಿ ಆ ಸಿನಿಮಾ ತೋರಿಸುತ್ತಾರೆ. ನಿನ್ನ ಓಣಿಯವರೆಲ್ಲ ಹೋಗುತ್ತಾರೆ. ನಿನ್ನ ಮಾತು ಪರದೆಯ ಮೇಲೆ ನಿನಗೆ ಕೇಳಿಸುವ ಮುಂಚೆ, ಶನಿವಾರವೇ ನಿನ್ನ ಮನೆಗೆ ಬರುತ್ತೇನೆ. ಕ್ಷಮಿಸು ಎನ್ನಲು ಅಲ್ಲ. ಹೇಳಬೇಕಾದದ್ದು ಹೇಳಲು.

ನನಗೆ ತಂಗಿ ಇಲ್ಲ ಗಂಗಕ್ಕ. ಎಂದೂ ಇರಲಿಲ್ಲ. ಶೇಂಗಾ ಹೋಳಿಗೆ ಸೇರುವುದು ನನಗೆ.