ಗ್ರಹ ಹಿಡಿಯುವ ಇಟ್ಟಿಗಿಯ ಸುಂಕಮ್ಮ

ಬೆಳಗಿನ ಜಾವ ಐದೂಕಾಲು. ಹಗರಿಬೊಮ್ಮನಹಳ್ಳಿಯ ರೈಲ್ವೆ ಸ್ಟೇಷನ್ ಕಡೆಯ ಓಣಿಯಲ್ಲಿ, ಮಾಳಿಗೆಯ ಮೇಲೆ ತಲೆಗೆ ಮಫ್ಲರ್ ಸುತ್ತಿಕೊಂಡು ಹೆಂಗಸೊಬ್ಬರು ಸ್ಟೂಲಿನ ಮೇಲೆ ಕೂತಿದ್ದಾರೆ. ಪಕ್ಕದಲ್ಲಿ ಎಂಟು ಅಂಗುಲ ಕನ್ನಡಿಯ ಟೆಲಿಸ್ಕೋಪು. ಕಣ್ಣಿಡಬೇಕಾದ ಜಾಗದಲ್ಲಿ ಬೆಂಕಿಪೊಟ್ಟಣದಷ್ಟು ಕ್ಯಾಮೆರಾ. ತೊಡೆಯ ಮೇಲಿನ ಹಳೆಯ ಲ್ಯಾಪ್‌ಟಾಪಿನಲ್ಲಿ ಗುರುಗ್ರಹ ನಡುಗುತ್ತಿದೆ. ಮೈಮೇಲಿನ ಕಂದು ಪಟ್ಟೆಗಳು ಒಂದು ಗಳಿಗೆ ಸ್ಪಷ್ಟ, ಮರುಗಳಿಗೆ ಮಬ್ಬು. ಸುಂಕಮ್ಮ ಗುಂಡಿ ಒತ್ತಿ ಮೂರು ನಿಮಿಷ ಅಲುಗಾಡದೆ ಕೂರುತ್ತಾರೆ. ಆಮೇಲೆ ಪರದೆಯ ಮೂಲೆಯ ಅಂಕಿಯನ್ನು ಬಾಗಿ ಓದುತ್ತಾರೆ. ಬಂದ ಚಿತ್ರ ಹದಿನಾಲ್ಕು ಸಾವಿರದ ನಾನೂರು. ತಪ್ಪಿದ್ದು ಒಂದೂ ಇಲ್ಲ.

“ಎಲ್ಲಾ ಬಂದಾವ್ರಿ,” ಎಂದು ಮಫ್ಲರ್ ಸಡಿಲಿಸುತ್ತಾರೆ. “ಇನ್ನ ಈ ವರ್ಶನ್ ಮಂದಿಗೆ ಕೊಡಬೌದು.”

ಸುಂಕಮ್ಮನಿಗೆ ಈಗ ನಲವತ್ತಮೂರು. ಒಂಬತ್ತು ಗಂಟೆಗೆ ಬಸ್ ಸ್ಟ್ಯಾಂಡ್ ಬಳಿಯ ಸಿಸಿಟಿವಿ ಅಂಗಡಿಯ ಷಟರ್ ಎತ್ತುತ್ತಾರೆ. ಅಂಗಡಿ, ಗೋದಾಮು, ಕಲ್ಯಾಣ ಮಂಟಪಗಳಿಗೆ ಕ್ಯಾಮೆರಾ ಕೂರಿಸುವುದು, ಕೆಟ್ಟದ್ದನ್ನು ರಿಪೇರಿ ಮಾಡುವುದು ಹೊಟ್ಟೆಪಾಡು. ಆದರೆ ಹವ್ಯಾಸಕ್ಕೆ ಗ್ರಹಗಳ ಚಿತ್ರ ತೆಗೆಯುವ ಎರಡು ಸಾವಿರಕ್ಕೂ ಹೆಚ್ಚು ಜನ ದೇಶ ವಿದೇಶಗಳಲ್ಲಿ ಅವರನ್ನು ಬಲ್ಲದ್ದು ಬೇರೆ ಕೆಲಸಕ್ಕೆ. ಆ ಜನರ ಕ್ಯಾಮೆರಾದಿಂದ ಚಿತ್ರಗಳನ್ನು ಕಂಪ್ಯೂಟರಿಗೆ ಇಳಿಸುವ ‘ಹಟ್ಟಿ’ ಎಂಬ ತಂತ್ರಾಂಶ ಬರೆದವರು ಇವರು. ಅದು ಎಲ್ಲರಿಗೂ ಉಚಿತ. ಜೊತೆಗೆ ಏಣಿ ಹೊತ್ತು ತಿರುಗುವ ಗಂಡ ಹುಲುಗೇಶ ನಗುತ್ತಾರೆ: “ಹಗಲೆಲ್ಲಾ ಕಳ್ಳನ್ನ ಹಿಡಿಯೋ ಕ್ಯಾಮೆರಾ, ನಸುಕಿನಾಗ ಗ್ರಹ ಹಿಡಿಯೋ ಕ್ಯಾಮೆರಾ. ನಮ್ಮಾಕಿ ಕೈಯಾಗ ಯಾರೂ ತಪ್ಪಿಸ್ಕೊಳ್ಳಂಗಿಲ್ರಿ.”

ಗ್ರಹದ ಚಿತ್ರ ಒಂದೇ ಏಟಿಗೆ ಬರುವುದಿಲ್ಲ. ಕಾದ ಹಂಚಿನ ಮೇಲಿನ ಬಿಸಿಗಾಳಿಯ ಆಚೆಗೆ ಏನನ್ನೋ ನೋಡಿದಂತೆ, ನಮ್ಮ ತಲೆಯ ಮೇಲಿನ ಗಾಳಿ ಆ ಪುಟ್ಟ ಬಿಂಬವನ್ನು ಕುಣಿಸುತ್ತಲೇ ಇರುತ್ತದೆ. ಅದಕ್ಕೆ ಸೆಕೆಂಡಿಗೆ ಎಂಬತ್ತರಂತೆ ಸಾವಿರಾರು ಚಿತ್ರ ಹಿಡಿದು, ಗಾಳಿ ನಿಂತ ಗಳಿಗೆಯವನ್ನಷ್ಟೇ ಆರಿಸಿ, ಒಂದರ ಮೇಲೊಂದು ಕೂಡಿಸುತ್ತಾರೆ. ಅಷ್ಟು ವೇಗಕ್ಕೆ ಹಳೆಯ ಕಂಪ್ಯೂಟರುಗಳು ಏದುಸಿರು ಬಿಡುತ್ತವೆ, ನಡುವೆ ಚಿತ್ರಗಳನ್ನು ಬಿಟ್ಟುಬಿಡುತ್ತವೆ. ಒಂದನ್ನೂ ಬಿಡದಂತೆ ನೋಡಿಕೊಳ್ಳುವುದೇ ಹಟ್ಟಿಯ ಕೆಲಸ.

ಹೆಸರು ಬಂದದ್ದು ಹಡಗಲಿ ತಾಲ್ಲೂಕಿನ ಇಟ್ಟಿಗಿಯ ತವರಿನಿಂದ. “ನಮ್ಮಪ್ಪ, ಹೆಸರು ಅಜ್ಜಯ್ಯ ಅಂತ, ಸಂಜಿಗೆ ಹಟ್ಟಿ ಬಾಗಲದಾಗ ನಿಂತು ಕುರಿ ಎಣಿಸ್ತಿದ್ದ. ಮುನ್ನೂರು ಕುರಿ ನುಗ್ಗಿ ಬಂದ್ರೂ ಒಂದು ಕಡಿಮಿ ಆತಂದ್ರ ಅವಂಗ ಗೊತ್ತಾಗ್ತಿತ್ತು. ನಾನು ಕಂಪ್ಯೂಟರಿಗೆ ಕಲಿಸಿದ್ದು ಅದನ್ನರಿ.”

ಕುರಿ ಕಾಯುವ ಮನೆಯ ಹುಡುಗಿ ಹರಪನಹಳ್ಳಿಯಲ್ಲಿ ಎಲೆಕ್ಟ್ರಾನಿಕ್ಸ್ ಡಿಪ್ಲೊಮಾ ಓದಿದಳು. ಪ್ರೋಗ್ರಾಮ್ ಬರೆಯುವುದನ್ನು ಅಂಗಡಿಯಲ್ಲಿ ಗಿರಾಕಿ ಇಲ್ಲದ ಹೊತ್ತಿನಲ್ಲಿ ತಾನೇ ಕಲಿತಳು. ಒಂಬತ್ತು ವರ್ಷದ ಹಿಂದೆ ಕೊಟ್ಟೂರಿನ ವಿಜ್ಞಾನ ಮೇಷ್ಟ್ರು ಕೊಟ್ರಸ್ವಾಮಿ ಅಂಗಡಿಗೆ ಒಂದು ಪುಟ್ಟ ಕ್ಯಾಮೆರಾ ತಂದರು. ಸಿಗುವ ತಂತ್ರಾಂಶಗಳೆಲ್ಲ ಅವರ ಹಳೆಯ ಲ್ಯಾಪ್‌ಟಾಪಿನಲ್ಲಿ ಸಿಕ್ಕಿಕೊಳ್ಳುತ್ತಿದ್ದವು. “ಇದು ಕೆಟ್ಟಿಲ್ರಿ ಸರ, ನಿಮ್ಮ ಲ್ಯಾಪ್‌ಟಾಪಿಗೆ ದಮ್ ಇಲ್ಲ,” ಎಂದರಂತೆ ಸುಂಕಮ್ಮ. ಹೊಸದು ಕೊಳ್ಳಿ ಎನ್ನಲು ಬಾಯಿ ಬರಲಿಲ್ಲ. ಆರು ತಿಂಗಳು ಕೂತು ಹಳೆಯದಕ್ಕೆ ಒಗ್ಗುವ ಪ್ರೋಗ್ರಾಮ್ ಬರೆದುಕೊಟ್ಟರು. ಅದೇ ಹಟ್ಟಿ. ಶನಿಯ ಬಳೆ ಪರದೆಯ ಮೇಲೆ ಮೂಡಿದ ದಿನ ಮೇಷ್ಟ್ರು ಕೊಟ್ಟೂರಿನಿಂದ ಮಂಡಕ್ಕಿ ಮಿರ್ಚಿ ಕಟ್ಟಿಸಿಕೊಂಡು ಬಂದಿದ್ದರು.

ಎಲ್ಲವೂ ಸಲೀಸಾಗಿ ನಡೆಯಿತೆಂದಲ್ಲ. ನಾಲ್ಕು ವರ್ಷದ ಹಿಂದೆ ಮೇಷ್ಟ್ರು ಹಿಡಿದ ಚಿತ್ರಗಳಲ್ಲಿ ಗುರುವಿನ ಅಂಚಿನಲ್ಲಿ ಒಂದು ಬೆಳಕು ಮಿಂಚಿ ಆರಿತ್ತು. ಆಕಾಶದ ಕಲ್ಲೊಂದು ಗ್ರಹಕ್ಕೆ ಅಪ್ಪಳಿಸಿದ ಗುರುತು ಅದು. ಜನ್ಮಕ್ಕೊಮ್ಮೆ ಕಂಡರೆ ಪುಣ್ಯ. ಅದು ಕ್ಯಾಮೆರಾದ ದೋಷವಲ್ಲ ಎನ್ನಲು ಇನ್ನೊಬ್ಬರು ಅದೇ ಕ್ಷಣದಲ್ಲಿ ನೋಡಿರಬೇಕು. ಬೇರೆ ದೇಶದವರೊಬ್ಬರು ನೋಡಿದ್ದರು. ಆದರೆ ಅವರ ಸಮಯಕ್ಕೂ ಮೇಷ್ಟ್ರ ಸಮಯಕ್ಕೂ ಹನ್ನೊಂದು ಸೆಕೆಂಡು ಅಂತರ. ಇಂಥ ಮಿಂಚುಗಳ ಲೆಕ್ಕ ಇಡುವವರು ಮೇಷ್ಟ್ರ ದಾಖಲೆಯನ್ನು ಪಕ್ಕಕ್ಕಿಟ್ಟರು.

“ನನ್ನ ಗಡಿಯಾರನ ಸರಿ ಇರ್ಲಿಕ್ಕಿಲ್ಲ,” ಎಂದು ಮೇಷ್ಟ್ರು ಸುಮ್ಮನಾದರು. ಸುಂಕಮ್ಮನಿಗೆ ಸುಮ್ಮನಿರಲಾಗಲಿಲ್ಲ. ಒಂದು ವಾರ ತಾವು ಬರೆದದ್ದನ್ನೆಲ್ಲ ಸಾಲು ಸಾಲಾಗಿ ಓದಿದರು. ತಪ್ಪು ಸಿಕ್ಕಿತು. ಚಿತ್ರ ಕ್ಯಾಮೆರಾದಿಂದ ಬಂದ ಸಮಯವನ್ನಲ್ಲ, ಡಿಸ್ಕಿಗೆ ಇಳಿದ ಸಮಯವನ್ನು ಹಟ್ಟಿ ಬರೆಯುತ್ತಿತ್ತು. ಹಳೆಯ ಡಿಸ್ಕು ನಿಧಾನವಾದಷ್ಟೂ ಬರೆದ ಸಮಯ ತಡದ್ದಾಗುತ್ತಿತ್ತು.

ಅದು ಬೇರೆ ಯಾರಿಗೂ ಗೊತ್ತಿರಲಿಲ್ಲ. ಗುಟ್ಟಾಗಿ ತಿದ್ದಿದ್ದರೆ ಕೇಳುವವರಿರಲಿಲ್ಲ. ಸುಂಕಮ್ಮ ಮರುದಿನ ಅಂಗಡಿ ಮುಚ್ಚಿ ಕೊಟ್ಟೂರಿನ ಬಸ್ ಹತ್ತಿದರು.

“ಸರ, ನಿಮ್ಮ ಗಡಿಯಾರ ಸರಿ ಐತಿ. ತಪ್ಪು ನಂದು,” ಎಂದು ಹೊಸ್ತಿಲಲ್ಲೇ ಹೇಳಿದರು.

ಮೇಷ್ಟ್ರು ಬಾಗಿಲು ಪೂರ್ತಿ ತೆರೆದು ಪಕ್ಕಕ್ಕೆ ಸರಿದರು. “ಒಳಗ ಬಾರವ್ವ, ಕುಂದ್ರು,” ಎಂದರು. “ಹೇಳಾಕ ಇಷ್ಟು ದೂರ ಬಂದಿಯಲ್ಲ, ಅದ ದೊಡ್ಡದು. ಮೊದ್ಲು ಚಾ ಕುಡಿ.”

ಅದೇ ವಾರ ಸುಂಕಮ್ಮ ಹಟ್ಟಿ ಬಳಸುವ ಎಲ್ಲರಿಗೂ ಪತ್ರ ಬರೆದರು: ಇಲ್ಲಿಯವರೆಗಿನ ಸಮಯಗಳನ್ನು ನಂಬಬೇಡಿ, ದೋಷ ನನ್ನದು. ನೂರಾರು ಮಂದಿ ಬಿಟ್ಟುಹೋದರು. ಮೇಷ್ಟ್ರ ಸಮಯವನ್ನು ಚಿತ್ರಗಳ ಎಣಿಕೆಯಿಂದ ಲೆಕ್ಕ ಹಾಕಿ ತಿದ್ದಿ ಕಳಿಸಿದ್ದಕ್ಕೆ, ತಪ್ಪು ಮಾಡಿದವರೇ ತಿದ್ದಿದ್ದನ್ನು ಸಾಕ್ಷಿಯೆಂದು ಒಪ್ಪಲಾಗದು ಎಂಬ ಉತ್ತರ ಬಂತು. “ಅವ್ರು ಹೇಳಿದ್ದು ಖರೇನ ಐತ್ರಿ,” ಎನ್ನುತ್ತಾರೆ ಸುಂಕಮ್ಮ. ಆ ದಾಖಲೆ ಇಂದಿಗೂ ‘ಅನುಮಾನ’ದ ಪಟ್ಟಿಯಲ್ಲೇ ಇದೆ.

ಹೊಸ ಸಮಯ ವ್ಯವಸ್ಥೆಗೆ ನಾಲ್ಕು ತಿಂಗಳು ಹಿಡಿಯಿತು. ಉಪಗ್ರಹದ ಸಮಯಕ್ಕೆ ತಕ್ಕಂತೆ ಮಿನುಗುವ ಒಂದು ದೀಪವನ್ನು ಕ್ಯಾಮೆರಾದ ಮುಂದಿಟ್ಟು, ಏಳು ಹಳೆಯ ಲ್ಯಾಪ್‌ಟಾಪುಗಳಲ್ಲಿ ಮತ್ತೆ ಮತ್ತೆ ಪರೀಕ್ಷಿಸಿದರು. ಅಂಗಡಿಗೆ ರಿಪೇರಿಗೆ ಬಂದವನ್ನೂ ಮಾಲೀಕರನ್ನು ಕೇಳಿಯೇ ಬಳಸಿದರು. ಬಿಟ್ಟುಹೋದವರಲ್ಲಿ ಮುಕ್ಕಾಲು ಮಂದಿ ಹಿಂತಿರುಗಿದ್ದಾರೆ. ದಿನಕ್ಕೆ ಹತ್ತು ಹದಿನೈದು ಪತ್ರ ಬರುತ್ತವೆ. ಮಧ್ಯಾಹ್ನ ಬುತ್ತಿ ಬಿಚ್ಚುವ ಮುನ್ನ ಎಲ್ಲಕ್ಕೂ ಉತ್ತರ ಹೋಗಬೇಕು. ಮೊನ್ನೆ ಗಿರಾಕಿಯೊಬ್ಬರು ಹಾರ್ಡ್‌ಡಿಸ್ಕಿಗಾಗಿ ಕಾಯುತ್ತಿದ್ದಾಗ ಒಂದು ಪತ್ರ ಬಂತು. ಎರಡು ಊರಿನ ಇಬ್ಬರು, ಹಟ್ಟಿಯಿಂದಲೇ, ಗುರುವಿನ ಚಂದ್ರನೊಂದು ಮರೆಯಾದದ್ದನ್ನು ಹಿಡಿದಿದ್ದರು. ಇಬ್ಬರ ಸಮಯಕ್ಕೂ ಸೆಕೆಂಡಿನ ಹತ್ತನೇ ಒಂದು ಭಾಗದಷ್ಟೂ ವ್ಯತ್ಯಾಸವಿರಲಿಲ್ಲ. ಸುಂಕಮ್ಮ ಅದನ್ನು ಎರಡು ಸಲ ಓದಿ, ಗಿರಾಕಿಯ ಡಿಸ್ಕು ಕಟ್ಟಿಕೊಟ್ಟರು.

ಕೊಟ್ರಸ್ವಾಮಿ ಈಗ ನಿವೃತ್ತರು. ಮೋಡವಿಲ್ಲದ ನಸುಕಿನಲ್ಲೆಲ್ಲ ಕೊಟ್ಟೂರಿನ ತಮ್ಮ ಮಾಳಿಗೆಯಿಂದ ಗುರುವಿನತ್ತ ಕ್ಯಾಮೆರಾ ತಿರುಗಿಸುತ್ತಾರೆ. ಹಟ್ಟಿಯ ಹೊಸ ವರ್ಶನ್ ಬಂದಾಗಲೆಲ್ಲ ಮೊದಲು ಹಾಕಿಕೊಳ್ಳುವವರು ಅವರೇ.

ನಿಮಗೇನು ಆಸೆ ಎಂದರೆ ಸುಂಕಮ್ಮ ಸ್ಕ್ರೂಡ್ರೈವರ್ ಕೆಳಗಿಡುತ್ತಾರೆ.

“ನನಗೇನೂ ಬ್ಯಾಡ್ರಿ. ನಮ್ಮ ಸರಗ ಆ ಮಿಂಚು ಇನ್ನೊಂದು ಸಲ ಕಾಣಬೇಕು. ಕಾಣೋದು ಅವ್ರ ನಸೀಬ್ರಿ. ಕಂಡ ಮ್ಯಾಲ ಟೈಮು ಮಾತ್ರ ತಪ್ಪಂಗಿಲ್ಲ.”