ಮೇಲಿನಿಂದ ತೆಗೆದ ಚಿತ್ರ

ಅವ್ವನಿಗೆ ನಾನು ಹನ್ನೊಂದು ವರ್ಷ ಸುಳ್ಳು ಹೇಳಿದೆ. ಅಂಥಾ ದೊಡ್ಡ ಸುಳ್ಳೇನಲ್ಲ ಬಿಡು ಅಂತ ನನಗೆ ನಾನೇ ಸಮಾಧಾನ ಮಾಡಿಕೊಳ್ಳುತ್ತಿದ್ದೆ. ಹಿಮಾಲಯ ಹತ್ತುವವರ ಸಾಕ್ಷ್ಯಚಿತ್ರ ತೆಗೆಯುವುದು ನನ್ನ ಕೆಲಸ. ಹತ್ತುವವರು ಹತ್ತುತ್ತಾರೆ, ನಾನು ಬೆಟ್ಟದ ತಳದಲ್ಲಿ ಡೇರೆ ಹಾಕಿಕೊಂಡು ಕ್ಯಾಮೆರಾ ಹಿಡಿಯುತ್ತೇನೆ. ಆಕೆಗೆ ಗೊತ್ತಿದ್ದದ್ದು ಇಷ್ಟೇ.

ಸುಳ್ಳಿಗೆ ಕಾರಣ ಇತ್ತು. ಅಪ್ಪ ಗೌಂಡಿ. ನಾನು ಶಾಲೆಗೆ ಹೋಗುವಾಗ ಜವಳಗೇರಾ ಕಡೆ ಗೋಡೆ ಕಟ್ಟುತ್ತಾ ಮೇಲಿಂದ ಬಿದ್ದು ತೀರಿಕೊಂಡ. ಅಂದಿನಿಂದ ನಾನು ಮಾಳಿಗೆ ಹತ್ತಿದರೂ ಅವ್ವನ ಎದೆ ಧಸಕ್ಕೆನ್ನುತ್ತಿತ್ತು.

ಲಿಂಗಸುಗೂರಿನ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ತೆಗೆಯುತ್ತಾ ಈ ವಿದ್ಯೆ ಕಲಿತೆ. ಸಿಂಧನೂರು ಕಡೆಯ ಮದುವೆಯಾದರಂತೂ ಬೀಗರು ಬಿಡುತ್ತಿರಲಿಲ್ಲ. "ಏ ಕ್ಯಾಮ್ರಾದಾವ, ಮ್ಯಾಲ ಹತ್ತಿ ತಗಿಯೋ, ಎಲ್ಲಾ ಮಂದಿ ಬರ್ಲಿ!" ನೀರಿನ ಟ್ಯಾಂಕೋ, ಟ್ರ್ಯಾಕ್ಟರ್ ಟ್ರಾಲಿಯೋ, ಹತ್ತಿಬಿಡುತ್ತಿದ್ದೆ. ಕೆಲಸವಿಲ್ಲದ ದಿನ ಮಸ್ಕಿ ಗುಡ್ಡದ ಬಂಡೆಗಳಿಗೆ ಹಗ್ಗ ಕಟ್ಟಿ ಹತ್ತುವ ತಂಡವೊಂದರ ಜೊತೆ ಸೇರಿಕೊಂಡೆ. ಕ್ಯಾಮೆರಾ ಹೊತ್ತು ಹತ್ತುವವರು ಕಡಿಮೆ, ಹಾಗಾಗಿ ಅವರೇ ನನ್ನನ್ನು ಹಿಮಾಲಯಕ್ಕೂ ಕರೆದೊಯ್ದರು. ಅಲ್ಲಿ ಹತ್ತುವವರಿಗಿಂತ ಮುಂದೆ ಹೋಗಿ, ಹಗ್ಗಕ್ಕೆ ಜೋತುಬಿದ್ದು, ಅವರ ಮುಖ ಹಿಡಿಯಬೇಕು. ಬೆನ್ನಿನ ಚಿತ್ರ ಯಾರಿಗೆ ಬೇಕು?

ಈ ಬೇಸಿಗೆಯಲ್ಲಿ, ಮತ್ತೊಂದು ಬೆಟ್ಟಕ್ಕೆ ಹೊರಡಲು ಎರಡು ದಿನ ಇರುವಾಗ, ಪಾಮನಕಲ್ಲೂರಿನ ನಮ್ಮ ಮನೆಗೆ ಬಂದೆ. ಪಕ್ಕದ ಮನೆಯ ಚಿಗವ್ವ ಗಂಟುಬಿದ್ದಳು. "ಊರ ಮಂದಿಗೆಲ್ಲಾ ತೋರಸ್ತಿ, ನಮಗ ಯಾಕ ತೋರ್ಸಂಗಿಲ್ಲ?" ಮಧ್ಯಾಹ್ನ ಊಟವಾದ ಮೇಲೆ ಟಿವಿಗೆ ಪೆನ್‌ಡ್ರೈವ್ ಚುಚ್ಚಿದೆ. ಚಿತ್ರದಲ್ಲಿ ನಾನು ಒಂದು ಕಡೆಯೂ ಕಾಣುವುದಿಲ್ಲವಲ್ಲ, ಏನು ಭಯ ಅಂದುಕೊಂಡೆ. ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ!

ಹಿಮದ ಗೋಡೆಗೆ ಅಂಟಿಕೊಂಡು ಮೂವರು ಹತ್ತುತ್ತಿದ್ದರು.

"ಯವ್ವಾ, ಏನ್ ಎತ್ತರ! ನಿನ್ನ ಮಗ ಎಲ್ಲದಾನಬೇ?" ಅಂದಳು ಚಿಗವ್ವ.

"ಆವ ತಳಗಿರ್ತಾನ," ಅಂದಳು ಅವ್ವ. ಸರಿದು ಟಿವಿಯ ಹತ್ತಿರ ಹೋಗಿ ಕೂತಳು.

"ಇದೇನೋ, ಇವರ ನೆತ್ತಿ ಕಾಣಾಕತ್ತೈತಿ?"

ಅಪ್ಪ ಹೋದ ಮೇಲೆ ನಮ್ಮ ಜೋಳದ ಮೇವಿನ ಬಣವೆ ಒಟ್ಟುತ್ತಿದ್ದವಳು ಅವ್ವನೇ ಅನ್ನುವುದು ನನಗೆ ಮರೆತೇಹೋಗಿತ್ತು.

"ಬಣವಿ ಮ್ಯಾಲ ನಿಂತಾಗ, ತಳಗಿಂದ ಮೇವಿನ ಸೂಡು ಒಗಿಯೋರು ನನಗ ಹಿಂಗ ಕಾಣ್ತಾರ. ತಳಗ ನಿಂತಾವಗ ಮ್ಯಾಲಿನವರ ನೆತ್ತಿ ಹೆಂಗ ಕಾಣತೈತಿ?" ನನ್ನ ಕಡೆ ತಿರುಗಿದಳು. "ಇದನ್ನ ತಗದಾವ ಇವರಕಿಂತ ಮ್ಯಾಲದಾನ. ಯಾರಂವ?"

"ನಾನ, ಯವ್ವಾ."

ಚಿಗವ್ವ ಮೆಲ್ಲಗೆ ಎದ್ದು ಹೋದಳು. ಅವ್ವ ಬೈಯುತ್ತಾಳೆ, ನಾಡಿದ್ದು ಹೋಗಬೇಡ ಅನ್ನುತ್ತಾಳೆ ಅಂತ ತಲೆ ತಗ್ಗಿಸಿ ಕಾದೆ. ಅಂದಿದ್ದರೆ ನಾನು ಖಂಡಿತ ಹೋಗುತ್ತಿರಲಿಲ್ಲ. ಎದುರಿಗೆ ಕೂತು ಬೇಡ ಅಂದ ಆಕೆಯನ್ನು ದಾಟಿ ಹೋಗುವ ಗಂಡಸು ನಾನಲ್ಲ. ಹನ್ನೊಂದು ವರ್ಷದ ನನ್ನ ಕೆಲಸ ಅಲ್ಲಿಗೆ ಮುಗಿಯುತ್ತಿತ್ತು.

"ನೀ ಅಲ್ಲಿ ಹಗ್ಗಕ್ಕ ಜೋತಾಡಾಕತ್ತಿದ್ದಿ," ಅಂದಳು. "ನಾ ಇಲ್ಲಿ, ಮಗ ತಳಗದಾನ ಅಂತ, ಹೊಟ್ಟಿ ತುಂಬ ಉಂಡು ಮಲಗೀನಲ್ಲೋ. ಎಂಥಾ ತಾಯಿ ಮಾಡಿ ಇಟ್ಟಿ ನನ್ನ?"

ನನಗೆ ಅಳು ಬಂತು. ತಪ್ಪಾಯಿತು ಅಂದೆ. ಅವ್ವ ಟಿವಿ ಆರಿಸಿ, ಗೋಡೆಗೆ ಒರಗಿ ಕೂತಳು.

"ಈ ಸಲ ಎಷ್ಟು ದಿನ ಮ್ಯಾಲ ಇರ್ತಿ?"

"ಐದು ದಿನ."

"ಯಾವ್ಯಾವ ದಿನ, ಸರಿಯಾಗಿ ಹೇಳು. ಆ ಐದು ದಿನ ನಾನೂ ಅಂಜಬೇಕು."