ಎಣ್ಣೆ ತಾಗಿದ ಕಡಲಹುಳು

ಕುಸುಬೆ ಎಣ್ಣೆಯ ವಾಸನೆ ಅಡುಗೆಮನೆಯಿಂದ ತೇಲಿ ಬಂದರೆ ನಿಮಗೆ ಒಗ್ಗರಣೆಯ ನೆನಪಾದೀತು; ನನಗೆ ಮಾತ್ರ, ಗೆಳೆಯರೇ, ಒಂದು ಹುಳುವಿನ ನೆನಪಾಗುತ್ತದೆ. ಅದನ್ನು ಜೀವಂತ ಕಂಡ ಮನುಷ್ಯನೇ ಇಲ್ಲ. ಎಷ್ಟೋ ಕೋಟಿ ವರ್ಷಗಳ ಹಿಂದೆ ಅದು ಯಾವುದೋ ಕಡಲ ತಳದಲ್ಲಿ ತೆವಳಿ, ಕೆಸರಿನಲ್ಲಿ ಹೂತು, ಆ ಕೆಸರು ಕಲ್ಲಾದಾಗ ತಾನೂ ಅದರಲ್ಲೊಂದು ಗುರುತಾಗಿ ಉಳಿಯಿತು.

ಆಗ ನಾನು ಗೋಕಾಕದಲ್ಲಿ ಶಾಲಾ ಮಾಸ್ತರ. ಪುಣೆಯ ಕಾಲೇಜೊಂದರಲ್ಲಿ ಕಲಿಸುತ್ತಿದ್ದ ಬಾಲ್ಯದ ಗೆಳೆಯ ಗುರುಪಾದ ರಜೆಗೆ ಮೂಡಲಗಿಗೆ ಬರುವಾಗ, ಕಾಲೇಜಿನ ಕಪಾಟಿನಿಂದ ಕರಿಯ ಕಲ್ಲಿನ ಬಿಲ್ಲೆಯೊಂದನ್ನು ಅಭ್ಯಾಸಕ್ಕೆಂದು ತಂದಿದ್ದ. ಅದರ ಮೇಲೆ ಬೆರಳುದ್ದದ ಮಸುಕು ಗುರುತು. "ಬಿರುಗೂದಲಿನ ಹುಳ ಇದು. ಆದರ ಕೂದಲಾ ಕಾಣವೊಲ್ಲವು," ಎಂದ. ಮಕ್ಕಳಿಗೆ ತೋರಿಸಲು ಮೂರು ದಿನದ ಮಟ್ಟಿಗೆ ಕೊಡೆಂದು ಕೇಳಿದೆ. ಅವನ ಕೈ ಹಿಂಜರಿಯಿತು. "ಖರೇ ಹೇಳ್ತೇನಿ, ಇದಕ್ಕೇನರ ಆತಂದ್ರ ನನ್ನ ನೌಕರಿಗೆ ಕುತ್ತು ಬರ್ತೈತಿ." ಗಡಿಯಾರ ನೋಡಿ ಊಟಕ್ಕೆ ಕೂಡುವವನೆಂಬ ನನ್ನ ಹೆಸರೇ ಅಂದು ಜಾಮೀನಾಯಿತು.

ಅಂಥ ಕಲ್ಲು ಮಕ್ಕಳ ಕೈಯಿಂದ ಕೈಗೆ ಹೋಗುವುದು ಬೇಡವೆಂದು, ಮಣ್ಣಿನಲ್ಲಿ ಅದರ ಒಂದು ಪ್ರತಿಯನ್ನು ಮಾಡಿಸಲು ನಿಶ್ಚಯಿಸಿದೆ. ಬಣ್ಣದ ಬೊಂಬೆ, ಮಣ್ಣಿನ ಹಣ್ಣು ಮಾಡುವ ಮನೆತನಗಳು ನಮ್ಮೂರಲ್ಲಿವೆ. ಅವರಲ್ಲೊಬ್ಬ ಯಮನಪ್ಪ; ಅವನು ಮಾಡಿದ ಬಾಳೆಹಣ್ಣಿಗೆ ನೊಣ ಮುತ್ತುತ್ತಿದ್ದವು. ಬೆಳಿಗ್ಗೆ ಕಲ್ಲನ್ನು ಅವನಿಗೊಪ್ಪಿಸಿ, ಶಾಲೆ ಬಿಟ್ಟೊಡನೆ ಹೋಗಿ ನೋಡುತ್ತೇನೆ: ಬಿಲ್ಲೆ ಮಿರಮಿರನೆ ಮಿಂಚುತ್ತಿದೆ, ಅಂಗಳವೆಲ್ಲ ಕುಸುಬೆ ಎಣ್ಣೆಯ ವಾಸನೆ.

"ಯಮನಪ್ಪಾ, ಇದೇನು ಮಾಡಿದಿ!"

"ಎಣ್ಣಿ ಹಚ್ಚೇನ್ರಿ ಮಾಸ್ತರ. ಅಚ್ಚಿಗೆ ಎಣ್ಣಿ ಹಚ್ಚದ ಯಾರರ ಮಣ್ಣು ಒತ್ತತಾರೇನ್ರಿ? ಅಂಟಿಕೊಂಡು ಕೂಡತೈತಲ್ರಿ!"

ಅವನದು ತಲೆತಲಾಂತರದ ಶಿಸ್ತು. ಹೇಳದೆ ಹೋದದ್ದು ನಾನು. ಕಲ್ಲು ಎಣ್ಣೆಯನ್ನು ಕುಡಿದುಬಿಟ್ಟಿತ್ತು. ಅರಿವೆಯಿಂದ ಎಷ್ಟು ಒರೆಸಿದರೂ ಬಿಡಲೊಲ್ಲದು. ನನ್ನ ಕಣ್ಣ ಮುಂದೆ ಗುರುಪಾದನ ಮುಖ.

ಬೊಂಬೆಗೆ ಬಣ್ಣ ಹಚ್ಚುತ್ತಿದ್ದ ಯಮನಪ್ಪನ ಹೆಂಡತಿ ತುಳಸವ್ವ ಕುಂಚ ಕೆಳಗಿಟ್ಟು ಎದ್ದು ಬಂದಳು. "ಹುಟ್ಟಿದಾಗಿಂದ ನೀರಾಗ ಇದ್ದದ್ದು, ಒಮ್ಮೆ ಎಣ್ಣಿ ಹಚ್ಚಿಕೊಂಡ್ರ ಏನಾತ್ರಿ?" ಎಂದು ಬಗ್ಗಿ ನೋಡಿದವಳು ಹಾಗೆಯೇ ನಿಂತಳು. "ಮಾಸ್ತರ, ಇಲ್ಲಿ ನೋಡ್ರಿ. ನಮ್ಮ ಕುಂಚದ ಕೂದಲ ಇದ್ದಂಗ ಅದಾವ, ಎರಡೂ ಬಾಜೂ."

ನೋಡಿದೆ. ಮಸುಕಾಗಿದ್ದ ಗುರುತಿನ ಎರಡೂ ಮಗ್ಗುಲಲ್ಲಿ ಬೆಳ್ಳಿಯ ಎಳೆಗಳಂಥ ಕೂದಲು, ಗೊಂಚಲು ಗೊಂಚಲಾಗಿ, ಈಗಷ್ಟೇ ಈಜು ನಿಲ್ಲಿಸಿದಂತೆ ಹಿಂದಕ್ಕೆ ಬಾಗಿದ್ದವು. ಎಣ್ಣೆ ಕಲ್ಲನ್ನು ಇನ್ನಷ್ಟು ಕಪ್ಪಾಗಿಸಿ ಅವನ್ನು ಎತ್ತಿ ತೋರಿಸಿತ್ತು.

ಆ ಹುಳುವಿನ ಮೇಲೆ ನನಗೆ ಹುಟ್ಟಿದ ಮಮತೆಯನ್ನು ಹೇಗೆ ಹೇಳಲಿ? ಎಲುಬಿಲ್ಲ, ಚಿಪ್ಪಿಲ್ಲ, ಬೆಟ್ಟಗಳು ಸವೆದು ಹೋದ ಕಾಲದುದ್ದಕ್ಕೂ ಒಂದು ಮೆತ್ತನೆಯ ಜೀವ ತನ್ನ ಕೂದಲನ್ನು ಕೊಂಕದಂತೆ ಕಾಯ್ದುಕೊಂಡಿದೆ. ನಮ್ಮ ಜಲಪಾತದ ಬಳಿಯ ಬಂಡೆಗಳ ಮೇಲೂ ಹಳೆಯ ಕಡಲು ಬಿಟ್ಟುಹೋದ, ತೆರೆ ಮಡಿಚಿದಂಥ ಗೆರೆಗಳಿವೆ. ನಿತ್ಯ ಅವನ್ನು ತುಳಿದು ತಿರುಗಾಡುತ್ತಲೇ, ಸಮುದ್ರ ಇಲ್ಲಿಂದ ಬಹು ದೂರವೆಂದು ಮಕ್ಕಳಿಗೆ ಕಲಿಸಿದವನು ನಾನು.

ಯಮನಪ್ಪ ಬೂದಿ ಹಚ್ಚಿ ತಿಕ್ಕಲೇ ಎಂದು ಕೇಳಿದ. ಬೇಡವೆಂದೆ. ಮಣ್ಣಿನ ಪ್ರತಿಯ ಆಸೆಯನ್ನೂ ಬಿಟ್ಟು, ಹೇಳಿದ ದಿನ, ಹೇಳಿದ ಹೊತ್ತಿಗೆ ಮೂಡಲಗಿಯಲ್ಲಿ ಗುರುಪಾದನ ಮುಂದೆ ಬಿಲ್ಲೆಯನ್ನಿಟ್ಟು, ನಡೆದದ್ದನ್ನು ನಡೆದಂತೆಯೇ ಹೇಳಿದೆ. ಅವನು ಬಿಳಿಚಿಕೊಂಡ. ಆಮೇಲೆ ಭೂತಗನ್ನಡಿ ತರಿಸಿ, ಬಿಲ್ಲೆಯನ್ನು ಕಿಟಕಿಯ ಬೆಳಕಿಗೆ ಹಿಡಿದ.

"ಎರಡು ವರ್ಷ ನೋಡೇನಿ ಇದನ್ನ," ಎಂದ ಕೊನೆಗೆ. "ಒಂದ್ ಕೂದಲಾ ಕಂಡಿದ್ದಿಲ್ಲ." ಬಿಲ್ಲೆಯನ್ನು ಕೆಳಗಿಟ್ಟು, "ಆದರ ಕಲೆ ಯಾಕ ಅಂತ ಕೇಳೇ ಕೇಳ್ತಾರ. ಏನ್ ಹೇಳಲಿ?"

ಬಿಲ್ಲೆಯ ಜೊತೆಗಿದ್ದ ಕಾಲೇಜಿನ ಚೀಟಿಯನ್ನು ತೆಗೆದುಕೊಂಡು ಬರೆದೆ: 'ಗೋಕಾಕದಲ್ಲಿ ಎಣ್ಣೆ ತಾಗಿತು. ತಪ್ಪು ನನ್ನದು.' ಕೆಳಗೆ ಪೂರ್ತಿ ಸಹಿ. ಗುರುಪಾದ ಅದನ್ನು ಓದಿ, ಲೇಖನಿ ಇಸಿದುಕೊಂಡು ಇನ್ನೊಂದು ಸಾಲು ಸೇರಿಸಿದ: 'ಬಿರುಗೂದಲನ್ನು ಮೊದಲು ಕಂಡವರು ತುಳಸವ್ವ, ಬೊಂಬೆ ಮಾಡುವವರು.'

ಅವನ ನೌಕರಿ ಉಳಿಯಿತು. ಆ ಸುದ್ದಿಯ ಕಾಗದ ಬಂದ ದಿನವೇ ಯಮನಪ್ಪನ ಮನೆಗೆ ಹೋಗಿ, ಚೀಟಿಯಲ್ಲಿದ್ದುದನ್ನೂ ಹೇಳಿದೆ. ತುಳಸವ್ವ ನಕ್ಕು ನಕ್ಕು ಸೆರಗನ್ನು ಬಾಯಿಗೆ ಒತ್ತಿಕೊಂಡಳು. "ಹೋಗಿ ಹೋಗಿ ಒಂದ್ ಹುಳದ ಬಾಜೂ ನನ್ನ ಹೆಸರೇನ್ರಿ ಮಾಸ್ತರ! ನವಿಲ ಸಿಗಲಿಲ್ಲೇನ್ರಿ ನಿಮಗ?"

ನಾನು ಹೊರಡಲು ಎದ್ದಾಗ ಬಾಗಿಲವರೆಗೂ ಬಂದು, ಗಂಡನಿಗೆ ಕೇಳಿಸದಂತೆ ಕೇಳಿದಳು: "ಅದರಾಗ ಏನಂತ ಬರದಾರಂದ್ರಿ? ಇನ್ನೊಮ್ಮೆ ಹೇಳ್ರಿ."